‘ಯಾರದು’ ಎನ್ನುವ ಮೊದಲು ‘ಯಾರಿದ್ದಾರೆ’

ಗಿನ್ನೆಸ್ ದಾಖಲೆ ಪುಸ್ತಕದಲ್ಲಿ ಪುಣೆಗೆ ಒಂದು ವಿಚಿತ್ರ ಹೆಗ್ಗಳಿಕೆ ಇದೆ. ಮಾಲೋಜಿ ಥೋರಾತ್ ಎಂಬುವರು 1205ರಲ್ಲಿ ಹೂಡಿದರೆನ್ನಲಾದ ದಾವೆಯಲ್ಲಿ ಅವರ ವಂಶಸ್ಥ ಬಾಳಾಸಾಹೇಬ್ ಪಾಟ್ಲೋಜಿ ಥೋರಾತ್ ಗೆದ್ದದ್ದು 1966ರ ಏಪ್ರಿಲ್ 28ರಂದು. ನಡುವೆ ಕಳೆದದ್ದು 761 ವರ್ಷ. ದಾವೆ ಶುರುವಾದಾಗ ಈ ಸೀಮೆ ದೇವಗಿರಿಯ ಸೇವುಣರ ಆಳ್ವಿಕೆಯಲ್ಲಿತ್ತು. ತೀರ್ಪು ಬಂದಾಗ ಇಂದಿರಾ ಗಾಂಧಿ ಪ್ರಧಾನಿಯಾಗಿ ಮೂರು ತಿಂಗಳಾಗಿತ್ತು. ಜಗಳ ಇದ್ದದ್ದು ದೇವರ ಉತ್ಸವದಲ್ಲಿ ಮುಂದೆ ನಿಲ್ಲುವವರು ಯಾರು, ಮೊದಲ ಮರ್ಯಾದೆ ಯಾರಿಗೆ ಎಂಬುದರ ಮೇಲೆ.

ಇಂಥ ಮೊಕದ್ದಮೆಯ ಕಥೆ ಕೇಳಿದವರೆಲ್ಲ ವರ್ಷಗಳ ಲೆಕ್ಕಕ್ಕೆ ಬೆರಗಾಗುತ್ತಾರೆ. ಆದರೆ ಅದರೊಳಗೇ ಇನ್ನೊಂದು ಪ್ರಶ್ನೆಯಿದೆ. ತೀರ್ಪು ಬರಲಿಲ್ಲವೆಂದು ಉತ್ಸವ ನಿಲ್ಲುವುದಿಲ್ಲ. ವರ್ಷ ವರ್ಷವೂ ಯಾರೋ ಒಬ್ಬರು ಮುಂದೆ ನಿಲ್ಲಲೇಬೇಕು. ಹಾಗಾದರೆ ತೀರ್ಪು ಬರುವವರೆಗೆ ಯಾರು?

ಆಸ್ತಿ ವ್ಯಾಜ್ಯಗಳಲ್ಲಿ ನ್ಯಾಯಾಲಯದ ತಡೆಯಾಜ್ಞೆ ಉತ್ತರಿಸುವುದು ಈ ‘ಅಲ್ಲಿಯವರೆಗೆ ಯಾರು’ ಎಂಬ ಪ್ರಶ್ನೆಗೆ ಮಾತ್ರ. ‘ಆಸ್ತಿ ಯಾರದು’ ಎಂಬುದು ಬೇರೆಯೇ ಪ್ರಶ್ನೆ. ಎರಡನ್ನೂ ಒಂದೇ ಎಂದುಕೊಂಡವರು ಪುಣೆಯ ಶಿವಾಜಿನಗರದ ಜಿಲ್ಲಾ ನ್ಯಾಯಾಲಯದ ಆವರಣದಲ್ಲೂ ಸಿಗುತ್ತಾರೆ, ಬೆಂಗಳೂರಿನ ಸಿಟಿ ಸಿವಿಲ್ ಕೋರ್ಟಿನ ಮೆಟ್ಟಿಲ ಮೇಲೂ ಸಿಗುತ್ತಾರೆ. ‘ಸ್ಟೇ ತಂದಿದ್ದೀನಿ’ ಎಂದು ಸಿಹಿ ಹಂಚಿದವರು ಹತ್ತು ವರ್ಷದ ಬಳಿಕ ಅದೇ ಮನೆ ಬಿಟ್ಟುಕೊಡಬೇಕಾದ ಸಂದರ್ಭಗಳು ಅಪರೂಪವಲ್ಲ.

ಪುಣೆಯ ಅತಿ ಪ್ರಸಿದ್ಧ ಆಸ್ತಿ ವ್ಯಾಜ್ಯದಲ್ಲಿ ಸಿಕ್ಕಿಕೊಂಡವರು ಬಾಲ ಗಂಗಾಧರ ತಿಲಕರು. 1897ರ ಆಗಸ್ಟ್‌ನಲ್ಲಿ ಅವರ ಸ್ನೇಹಿತರಾದ ಸರದಾರ ಬಾಬಾ ಮಹಾರಾಜ್ ತೀರಿಕೊಂಡರು. ಸಾಯುವ ದಿನ ಬರೆಸಿದ ಉಯಿಲಿನಲ್ಲಿ ಆಸ್ತಿ ನೋಡಿಕೊಳ್ಳುವ ಹೊಣೆ ಹೊತ್ತವರಲ್ಲಿ ತಿಲಕರೂ ಒಬ್ಬರು. ವಿಧವೆ ತಾಯಿ ಮಹಾರಾಜ್ 1901ರ ಜೂನ್‌ನಲ್ಲಿ ಔರಂಗಾಬಾದಿನಲ್ಲಿ ಜಗನ್ನಾಥ ಎಂಬ ಹುಡುಗನನ್ನು ದತ್ತು ತೆಗೆದುಕೊಂಡರು. ಎರಡೇ ತಿಂಗಳಲ್ಲಿ ‘ಅದು ದತ್ತೇ ಅಲ್ಲ’ ಎಂದು ಬಾಳಾ ಮಹಾರಾಜ್ ಎಂಬ ಇನ್ನೊಬ್ಬರನ್ನು ದತ್ತು ಪಡೆದರು. ಮನೆತನ ಒಂದು, ವಾರಸುದಾರರು ಇಬ್ಬರು.

ಮೊದಲಿನ ದತ್ತೇ ಸರಿ ಎಂದು ತಿಲಕರು ಕೋರ್ಟಿಗೆ ಹೋದರು. 1906ರಲ್ಲಿ ಪುಣೆಯ ಕೆಳ ನ್ಯಾಯಾಲಯದಲ್ಲಿ ಗೆದ್ದರು. 1910ರಲ್ಲಿ ಬಾಂಬೆ ಹೈಕೋರ್ಟ್ ಅದನ್ನು ತಿರುಗಿಸಿತು. ಆಗ ತಿಲಕರು ಮಂಡಾಲೆಯ ಸೆರೆಮನೆಯಲ್ಲಿದ್ದರು. 1915ರ ಮಾರ್ಚ್‌ನಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್ ಮತ್ತೆ ಅವರ ಕಡೆಗೆ ತೀರ್ಪಿತ್ತಿತು. ಆದರೂ ಮುಗಿಯಲಿಲ್ಲ. ಆಸ್ತಿಯ ಒಂದು ಭಾಗ ಕೊಲ್ಹಾಪುರ ಸಂಸ್ಥಾನದಲ್ಲಿತ್ತು, ಅಲ್ಲಿ ಬ್ರಿಟಿಷ್ ಕೋರ್ಟಿನ ಮಾತು ನೇರವಾಗಿ ನಡೆಯುತ್ತಿರಲಿಲ್ಲ. 1920ರ ಜುಲೈನಲ್ಲಿ ತಿಲಕರು ಮುಂಬಯಿಗೆ ಹೋದದ್ದೂ ಇದೇ ಪ್ರಕರಣದ ಕೆಲಸಕ್ಕೆ. ಆಗಸ್ಟ್ 1ರಂದು ಅಲ್ಲೇ ತೀರಿಕೊಂಡರು.

‘ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ’ ಎಂಬ ಮಾತು ನಮ್ಮಲ್ಲಿ ಸುಮ್ಮನೆ ಹುಟ್ಟಿಲ್ಲ. ಒಡೆತನದ ಪ್ರಶ್ನೆ ಬಗೆಹರಿಯಲು ಹಳೆಯ ಕ್ರಯಪತ್ರ, ವಂಶವೃಕ್ಷ, ಸಾಕ್ಷಿ, ಪಾಟೀಸವಾಲು, ಮೇಲ್ಮನವಿ ಎಲ್ಲವೂ ಬೇಕು. ಅಷ್ಟು ಕಾಲ ಮನೆಯ ಬೀಗದ ಕೈ ಯಾರ ಹತ್ತಿರ ಇರಬೇಕು ಎಂಬುದನ್ನು ಗೊತ್ತುಮಾಡದೆ ಹೋದರೆ ಬಲವಿದ್ದವನೇ ಬೀಗ ಒಡೆಯುತ್ತಾನೆ. ಕಾನೂನು ಹೆದರುವುದು ಇದಕ್ಕೆ.

ಒಂದು ಉದಾಹರಣೆ ಇಟ್ಟುಕೊಳ್ಳೋಣ. ವಿಜಯಪುರ ಕಡೆಯ ಒಂದು ಕುಟುಂಬ ಪುಣೆಯ ವಾಘೋಲಿಯ ಬಳಿ ಇಪ್ಪತ್ತು ವರ್ಷದ ಹಿಂದೆ ನಿವೇಶನ ಕೊಂಡಿದೆ. ಸುತ್ತ ತಂತಿ ಬೇಲಿ ಹಾಕಿ, ಮೂಲೆಯಲ್ಲಿ ತಗಡಿನ ಶೆಡ್ ಎಬ್ಬಿಸಿದೆ. ವರ್ಷಕ್ಕೆರಡು ಸಲ ಹೋಗಿ ಬರುತ್ತಾರೆ. ಒಂದು ಶುಕ್ರವಾರ ಸಂಜೆ, ಕೋರ್ಟಿನ ಬಾಗಿಲು ಮುಚ್ಚಿದ ಮೇಲೆ, ಯಾರೋ ಜೆಸಿಬಿ ತಂದು ಬೇಲಿ ಕಿತ್ತು ತಮ್ಮ ಹೆಸರಿನ ಫಲಕ ನೆಡುತ್ತಾರೆ. ಕೇಳಿದರೆ, ‘ಮೂಲ ಮಾಲೀಕನ ತಂಗಿಯ ಪಾಲು ನಾವು ಕೊಂಡಿದ್ದೇವೆ’ ಎನ್ನುತ್ತಾರೆ. ಪೊಲೀಸರು ‘ಇದು ಸಿವಿಲ್ ಮ್ಯಾಟರ್’ ಎಂದು ಕೈತೊಳೆದುಕೊಳ್ಳುತ್ತಾರೆ. ಪುಣೆಯ ಆಡುಮಾತಿನಲ್ಲಿ ಇದಕ್ಕೆ ‘ತಾಬಾ’ ತೆಗೆದುಕೊಳ್ಳುವುದು ಎನ್ನುತ್ತಾರೆ. ನಮ್ಮ ಉತ್ತರ ಕರ್ನಾಟಕದವರ ಬಾಯಲ್ಲಿ ಅದು ‘ಕಬ್ಜಾ’.

ತಂಗಿಗೆ ನಿಜವಾಗಿ ಪಾಲಿತ್ತೇ ಇಲ್ಲವೇ ಎಂಬುದು ತೀರ್ಮಾನವಾಗಲು ವರ್ಷಗಳು ಬೇಕು. ಆದರೆ ಬೇಲಿ ಕಿತ್ತದ್ದು ತಪ್ಪು ಎನ್ನಲು ಅಷ್ಟು ಕಾಲ ಬೇಡ. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಂ ಇರುವುದು ಇದಕ್ಕಾಗಿಯೇ. ಕಾನೂನಿನ ದಾರಿ ಬಿಟ್ಟು ಯಾರನ್ನಾದರೂ ಸ್ಥಿರಾಸ್ತಿಯಿಂದ ಹೊರಹಾಕಿದರೆ, ಆತ ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನ ವಾಪಸು ಪಡೆಯಬಹುದು. ಎದುರಾಳಿ ‘ನಾನೇ ಒಡೆಯ’ ಎಂದು ಪತ್ರ ತೋರಿಸಿದರೂ ಅಲ್ಲಿ ನಡೆಯುವುದಿಲ್ಲ. ಒಡೆತನ ಸಾಧಿಸಬೇಕಿದ್ದರೆ ಅವನು ಬೇರೆ ದಾವೆ ಹೂಡಬೇಕು. ಈ ಡಿಕ್ರಿಯ ಮೇಲೆ ಮೇಲ್ಮನವಿಯೂ ಇಲ್ಲ, ಪುನರ್ವಿಮರ್ಶೆಯೂ ಇಲ್ಲ. ಸರ್ಕಾರದ ಮೇಲೆ ಮಾತ್ರ ಈ ಕಲಂ ಬಳಸುವಂತಿಲ್ಲ.

ಬೇಲಿ ಕೀಳುವ ಮೊದಲೇ ಸುಳಿವು ಸಿಕ್ಕಿದ್ದರೆ ದಾರಿ ಬೇರೆ. ಅದೇ ಕಾಯ್ದೆಯ 38ನೇ ಕಲಮಿನಡಿ ಶಾಶ್ವತ ನಿರ್ಬಂಧಕಾಜ್ಞೆ ಕೋರಿ ದಾವೆ ಹೂಡಬೇಕು; ಅದು ಮುಗಿಯುವವರೆಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ತಾತ್ಕಾಲಿಕ ತಡೆಯಾಜ್ಞೆ ಕೇಳಬೇಕು. ಅಲ್ಲಿ ನ್ಯಾಯಾಧೀಶರು ಮೂರು ಸಂಗತಿ ತೂಗುತ್ತಾರೆ. ಮೇಲ್ನೋಟಕ್ಕೆ ವಾದಿಯ ಮಾತಿನಲ್ಲಿ ಹುರುಳಿದೆಯೇ? ಆಜ್ಞೆ ಕೊಟ್ಟರೆ ಎದುರಾಳಿಗಾಗುವ ತೊಂದರೆ ಹೆಚ್ಚೋ, ಕೊಡದಿದ್ದರೆ ವಾದಿಗಾಗುವ ತೊಂದರೆ ಹೆಚ್ಚೋ? ಆಮೇಲೆ ಹಣ ಕೊಟ್ಟು ತುಂಬಿಕೊಡಲಾಗದ ನಷ್ಟವೇ ಅದು? ಮೂರೂ ಕೂಡಿ ಬರಬೇಕು. ಸಾಕ್ಷಿ ವಿಚಾರಣೆ ಆಗಿರುವುದಿಲ್ಲವಾದ್ದರಿಂದ ಇಲ್ಲಿ ಎಲ್ಲವೂ ಪ್ರಮಾಣಪತ್ರ ಮತ್ತು ದಾಖಲೆಗಳ ಮೇಲೆ ನಿಂತಿದೆ.

ಈ ವಿಷಯದಲ್ಲಿ ದೇಶದ ಕೋರ್ಟುಗಳು ಮತ್ತೆ ಮತ್ತೆ ನೆನೆಯುವ ತೀರ್ಪು ಕರ್ನಾಟಕದ್ದು: ರಾಮೇಗೌಡ ಮತ್ತು ವರದಪ್ಪ ನಾಯ್ಡು ಪ್ರಕರಣ. ಅಕ್ಕಪಕ್ಕದ ಎರಡು ಆಸ್ತಿ, ನಡುವಿನ ಒಂದು ತುಂಡು ಜಾಗಕ್ಕೆ ಜಗಳ. ವಿಚಾರಣಾ ನ್ಯಾಯಾಲಯ ಕಂಡುಕೊಂಡದ್ದು ಸ್ವಾರಸ್ಯಕರ. ಜಾಗ ತನ್ನದೆಂದು ಸಾಬೀತುಮಾಡುವುದರಲ್ಲಿ ವಾದಿ ಸೋತಿದ್ದರು. ಆದರೆ ಜಾಗ ತನ್ನ ಸ್ವಾಧೀನದಲ್ಲಿದೆ ಎಂದು ಸಾಬೀತುಮಾಡುವುದರಲ್ಲಿ ಗೆದ್ದಿದ್ದರು. ಅಷ್ಟಕ್ಕೇ ಅವರಿಗೆ ತಡೆಯಾಜ್ಞೆ ಸಿಕ್ಕಿತು. ಹೈಕೋರ್ಟ್ ಒಪ್ಪಿತು. 2003ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠವೂ ಎತ್ತಿಹಿಡಿಯಿತು. ಶಾಂತವಾಗಿ, ನೆಲೆಯೂರಿ ಸ್ವಾಧೀನದಲ್ಲಿರುವವನನ್ನು ನಿಜವಾದ ಒಡೆಯನೂ ತೋಳ್ಬಲದಿಂದ ಎಬ್ಬಿಸುವಂತಿಲ್ಲ, ಕಾನೂನಿನ ಮೂಲಕವೇ ಹೋಗಬೇಕು ಎಂಬುದು ಅದರ ಸಾರ. ಎದುರಾಳಿ ಒಡೆತನಕ್ಕಾಗಿ ಪ್ರತ್ಯೇಕ ದಾವೆ ಹೂಡುವ ಬಾಗಿಲನ್ನು ಕೋರ್ಟ್ ತೆರೆದೇ ಇಟ್ಟಿತು. ತೀರ್ಪು ಬರುವ ಹೊತ್ತಿಗೆ ಇಬ್ಬರೂ ಕಕ್ಷಿದಾರರು ಬದುಕಿರಲಿಲ್ಲ. ದಾವೆ ನಡೆಸುತ್ತಿದ್ದವರು ಅವರ ವಾರಸುದಾರರು.

‘ನೆಲೆಯೂರಿದ ಸ್ವಾಧೀನ’ ಎಂದರೆ ಏನು? ನಿನ್ನೆ ರಾತ್ರಿ ಬೇಲಿ ಹಾರಿ ಬಂದು ಇಂದು ಬೆಳಿಗ್ಗೆ ಒಲೆ ಹಚ್ಚಿದವನದು ಖಂಡಿತ ಅಲ್ಲ. ಪಂಜಾಬಿನ ಪೂರಣ್ ಸಿಂಗ್ ಪ್ರಕರಣದಲ್ಲಿ 1975ರಲ್ಲೇ ಸುಪ್ರೀಂ ಕೋರ್ಟ್ ಕೆಲವು ಗುರುತುಗಳನ್ನು ಹೇಳಿತ್ತು. ಸ್ವಾಧೀನ ಸಾಕಷ್ಟು ಕಾಲದ್ದಾಗಿರಬೇಕು. ಕದ್ದುಮುಚ್ಚಿ ಇರಬಾರದು, ಒಡೆಯನಿಗೆ ಗೊತ್ತಿರಬೇಕು ಇಲ್ಲವೇ ಗೊತ್ತಾಗುವಂತಿರಬೇಕು. ಒಡೆಯನನ್ನು ಹೊರಹಾಕುವ ಕೆಲಸ ಪೂರ್ತಿ ಮುಗಿದು, ಅವನೂ ಸುಮ್ಮನಾಗಿರಬೇಕು. ಹೊಲವಾಗಿದ್ದರೆ ಬೆಳೆ ನೋಡಬೇಕು: ಅತಿಕ್ರಮಿಸಿದವನು ಬಿತ್ತಿದ ಪೈರು ಎದ್ದು ನಿಂತಿದ್ದರೆ ಅದನ್ನು ಹಾಳುಗೆಡವುವ ಹಕ್ಕು ಒಡೆಯನಿಗೂ ಇಲ್ಲ.

ಇದೇನು ಹೊಸ ವಿಚಾರವೇ? ಅಲ್ಲ. ರೋಮನ್ನರ ನ್ಯಾಯಾಧಿಕಾರಿ ಪ್ರೇಟರ್ ಇಂಥ ಜಗಳಗಳಲ್ಲಿ ‘ಈಗ ಹೇಗಿದೆಯೋ ಹಾಗೆಯೇ ಇರಲಿ’ ಎಂಬ ಆಜ್ಞೆ ಹೊರಡಿಸುತ್ತಿದ್ದ. ಆದರೆ ಒಂದು ಷರತ್ತಿತ್ತು: ಎದುರಾಳಿಯಿಂದ ಜಾಗವನ್ನು ಬಲಾತ್ಕಾರದಿಂದ, ಕಳ್ಳತನದಿಂದ ಅಥವಾ ಬೇಡಿ ಪಡೆದ ಅನುಮತಿಯಿಂದ ಹಿಡಿದವನಿಗೆ ಆ ರಕ್ಷಣೆಯಿಲ್ಲ. ನಮ್ಮ ನೆಲದ್ದೇ ಮಾತು ಬೇಕೆಂದರೆ ಬೀದರ್ ಜಿಲ್ಲೆಯ ಬಸವಕಲ್ಯಾಣಕ್ಕೆ ಹೋಗಬೇಕು. ಅದು ಚಾಲುಕ್ಯರ ಕಲ್ಯಾಣವಾಗಿದ್ದಾಗ, ಆರನೇ ವಿಕ್ರಮಾದಿತ್ಯನ ಆಳ್ವಿಕೆಯಲ್ಲಿ ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನ ಬರೆದ. ಒಡೆಯ ಕಣ್ಣಾರೆ ಕಂಡೂ ತಕರಾರು ಮಾಡದೆ ಇಪ್ಪತ್ತು ವರ್ಷ ಪರರು ಭೂಮಿ ಅನುಭವಿಸಿದರೆ ಒಡೆಯನಿಗೆ ನಷ್ಟ ಎಂದು ಸ್ಮೃತಿ ಹೇಳುತ್ತದೆ. ವಿಜ್ಞಾನೇಶ್ವರ ಅಲ್ಲಿ ತಡೆದು ನಿಂತು, ನಷ್ಟವಾಗುವುದು ಅಷ್ಟು ಕಾಲದ ಫಲ, ಭೂಮಿಯೇ ಅಲ್ಲ ಎಂದು ಅರ್ಥ ಬಿಡಿಸುತ್ತಾನೆ. ಭುಕ್ತಿ ಬೇರೆ, ಸ್ವಾಮ್ಯ ಬೇರೆ ಎಂಬ ಎಚ್ಚರ ಸುಮಾರು ಒಂಬೈನೂರು ವರ್ಷದ ಹಿಂದಿನ ಕಲ್ಯಾಣದಲ್ಲೂ ಇತ್ತು.

ಪುಣೆ ಜಿಲ್ಲೆಯ ರೈತರಿಗೆ ಶಿವಾಜಿನಗರಕ್ಕಿಂತ ಹತ್ತಿರದ ಇನ್ನೊಂದು ಬಾಗಿಲಿದೆ. ಅದು 1906ರ ಮಾಮಲೇದಾರರ ನ್ಯಾಯಾಲಯ ಕಾಯ್ದೆ. ಹೊಲ, ಹುಲ್ಲುಗಾವಲು, ನಿಂತ ಬೆಳೆ ಯಾರದಾದರೂ ಕೈತಪ್ಪಿದರೆ, ಬಾವಿಯ ನೀರಿಗೋ ಹೊಲದ ದಾರಿಗೋ ಅಡ್ಡ ಹಾಕಿದರೆ, ಆರು ತಿಂಗಳೊಳಗೆ ತಹಶೀಲ್ದಾರರ ಮುಂದೆ ಹೋಗಬಹುದು. ಅವರು ಸ್ವಾಧೀನ ಕೊಡಿಸಬಹುದು, ಅಡ್ಡಿಮಾಡಬೇಡ ಎಂದು ಆಜ್ಞೆ ಹೊರಡಿಸಬಹುದು. ಒಡೆತನದ ಮಾತು ಅಲ್ಲೂ ಬರುವುದಿಲ್ಲ. ಬೆಳಗಾವಿ, ಧಾರವಾಡ, ವಿಜಯಪುರಗಳು ಮುಂಬಯಿ ಪ್ರಾಂತ್ಯದಲ್ಲಿದ್ದಾಗ ನಮ್ಮ ಅಜ್ಜಂದಿರೂ ಬದುವಿನ ಜಗಳ ಹೊತ್ತು ಹೋಗುತ್ತಿದ್ದದ್ದು ಇದೇ ಮಾಮಲೇದಾರರ ಕಚೇರಿಗೆ.

ಜಗಳ ಕೈಕೈ ಮಿಲಾಯಿಸುವ ಮಟ್ಟಕ್ಕೆ ಹೋದರೆ ಮೂರನೆಯ ದಾರಿ. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 145ನೇ ಕಲಂ ಆಗಿದ್ದುದು 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 164ನೇ ಕಲಂ ಆಗಿದೆ. ಶಾಂತಿಭಂಗದ ಭಯವಿದ್ದಾಗ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ಸ್ವಾಧೀನ ಯಾರದೆಂದು ನೋಡಿ ಆಜ್ಞೆ ಮಾಡುತ್ತಾರೆ. ಹಿಂದಿನ ಎರಡು ತಿಂಗಳೊಳಗೆ ಬಲವಂತದಿಂದ ಹೊರಹಾಕಲ್ಪಟ್ಟವನನ್ನು ಒಳಗಿದ್ದಂತೆಯೇ ಪರಿಗಣಿಸಬಹುದು. ಆದರೆ ಅದೇ ಜಾಗದ ಸ್ವಾಧೀನದ ಬಗ್ಗೆ ಸಿವಿಲ್ ದಾವೆ ನಡೆಯುತ್ತಿದ್ದರೆ ಸಮಾನಾಂತರವಾಗಿ ಇದನ್ನು ನಡೆಸಬಾರದೆಂದು ಸುಪ್ರೀಂ ಕೋರ್ಟ್ 1985ರಲ್ಲೇ ಹೇಳಿದೆ.

ಇಷ್ಟೆಲ್ಲ ಕೇಳಿದ ಮೇಲೆ, ಒಳಗಿದ್ದರೆ ಸಾಕು, ಕೋರ್ಟು ಕಾಯುತ್ತದೆ ಎನಿಸಬಹುದು. ಹಾಗೇನಿಲ್ಲ. ಮೂರು ಕಡೆ ಈ ರಕ್ಷಣೆ ಕೈಕೊಡುತ್ತದೆ.

ಮೊದಲನೆಯದು ಖಾಲಿ ಜಾಗ. ಮನೆಯಾದರೆ ಒಳಗೆ ದೀಪ ಉರಿಯುತ್ತದೆ, ಹೊಲವಾದರೆ ಪೈರು ಕಾಣುತ್ತದೆ. ಖಾಲಿ ನಿವೇಶನದಲ್ಲಿ ಏನು ಕಾಣುತ್ತದೆ? ವಾರಂಗಲ್‌ನ ಅನಾತುಲ ಸುಧಾಕರ್ ಪ್ರಕರಣದಲ್ಲಿ 2008ರ ಮಾರ್ಚ್‌ನಲ್ಲಿ ತೀರ್ಪು ಬರೆದವರು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್, ಅವರು ಅದಕ್ಕೆ ಮುಂಚೆ ಕರ್ನಾಟಕ ಹೈಕೋರ್ಟಿನಲ್ಲಿದ್ದವರು. ಖಾಲಿ ನಿವೇಶನದ ವಿಷಯದಲ್ಲಿ ಒಡೆತನ ಯಾರದೋ ಸ್ವಾಧೀನವೂ ಅವರದೇ ಎಂದು ಹಿಡಿಯಬೇಕಾಗುತ್ತದೆ, ಹಾಗಾಗಿ ಒಡೆತನ ನೋಡದೆ ಸ್ವಾಧೀನ ಹೇಳಲಾಗದು ಎಂದು ಅದರಲ್ಲಿ ಬಿಡಿಸಿ ಹೇಳಿದರು. ಎದುರಾಳಿ ಒಡೆತನದ ಮೇಲೆಯೇ ಗಂಭೀರ ತಕರಾರು ಎತ್ತಿದ್ದರೆ ಬರೀ ತಡೆಯಾಜ್ಞೆಯ ದಾವೆ ಸಾಲದು, ‘ಇದು ನನ್ನದೆಂದು ಘೋಷಿಸಿ’ ಎಂದೂ ಕೇಳಬೇಕು. ಜಾಗ ಕೈತಪ್ಪಿದ್ದರೆ ಸ್ವಾಧೀನವನ್ನೂ ಕೇಳಬೇಕು. ಕೋರ್ಟ್ ಫೀ ಉಳಿಸಲೆಂದು ಘೋಷಣೆ ಕೇಳದೆ ಬಿಟ್ಟವರು ಹತ್ತಾರು ವರ್ಷ ಕಳೆದ ಮೇಲೆ ‘ಬೇರೆ ದಾವೆ ಹೂಡಿ’ ಎನಿಸಿಕೊಳ್ಳುತ್ತಾರೆ. ಕರ್ನಾಟಕದಿಂದ ಸುಪ್ರೀಂ ಕೋರ್ಟಿಗೆ ಹೋದ ಟಿ.ವಿ. ರಾಮಕೃಷ್ಣ ರೆಡ್ಡಿ ಪ್ರಕರಣದಲ್ಲಿ 2021ರ ಸೆಪ್ಟೆಂಬರ್‌ನಲ್ಲಿ ಆದದ್ದೂ ಇದೇ: ಒಡೆತನದ ಪ್ರಶ್ನೆ ಜಟಿಲವಾಗಿದ್ದರಿಂದ ಬರೀ ನಿರ್ಬಂಧಕಾಜ್ಞೆಯ ದಾವೆ ನಿಲ್ಲಲಿಲ್ಲ.

ಎರಡನೆಯದು, ಮತ್ತೊಬ್ಬರ ಪರವಾಗಿ ಒಳಗಿರುವವರು. ಗೋವಾದ ಮಾರಿಯಾ ಮಾರ್ಗರಿಡಾ ಪ್ರಕರಣ ಇದಕ್ಕೆ ಒಳ್ಳೆಯ ನಿದರ್ಶನ. ನೌಕಾಪಡೆಯ ಅಧಿಕಾರಿಯ ಹೆಂಡತಿ ಗಂಡನ ಜೊತೆ ಊರೂರು ಸುತ್ತುವಾಗ ಮನೆಯನ್ನು ಒಡಹುಟ್ಟಿದವನ ಸುಪರ್ದಿಗೆ ಬಿಟ್ಟಿದ್ದರು. ಮುಂದೆ ಆತ 6ನೇ ಕಲಂ ಹಿಡಿದು ತನ್ನ ಸ್ವಾಧೀನ ಕಾಪಾಡಿ ಎಂದು ಕೋರ್ಟಿಗೆ ಹೋದ. 2012ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಸಹೋದರಿಯ ಪರ ತೀರ್ಪಿತ್ತಿತು. ಕಾವಲುಗಾರ, ಆಳು, ಉಸ್ತುವಾರಿಯವನು ಎಷ್ಟೇ ವರ್ಷ ಇದ್ದರೂ ಅದು ಅವರ ಸ್ವಂತ ಸ್ವಾಧೀನವಾಗುವುದಿಲ್ಲ, ಒಡೆಯನ ಪರವಾದ ಸ್ವಾಧೀನವೇ. ಅಂಥವರಿಗೆ ತಡೆಯಾಜ್ಞೆ ಕೊಡಬಾರದು, ಕೇಳಿದಾಗ ಬಿಟ್ಟುಕೊಡಬೇಕು.

ಮೂರನೆಯದು ದಿನಾಂಕದ ಲೆಕ್ಕ. ಬಾಂಬೆ ಹೈಕೋರ್ಟಿನ ತೀರ್ಪಿನ ಮೇಲೆ ಸುಪ್ರೀಂ ಕೋರ್ಟಿಗೆ ಹೋದ ಬಾಳಕೃಷ್ಣ ಗಾಲಂಡೆ ಪ್ರಕರಣದಲ್ಲಿ 2019ರ ಫೆಬ್ರುವರಿಯಲ್ಲಿ ನ್ಯಾಯಾಲಯ ಸ್ಪಷ್ಟಪಡಿಸಿತು: ದಾವೆ ಹೂಡಿದ ದಿನ ವಾದಿ ನಿಜವಾಗಿ ಒಳಗಿದ್ದರೇ ಎಂಬುದನ್ನು ವಾದಿಯೇ ಸಾಬೀತುಮಾಡಬೇಕು. ಹಿಂದೆ ಯಾವಾಗಲೋ ಇದ್ದೆ ಎಂದರೆ ಸಾಲದು.

ಸಾಬೀತು ಯಾವುದರಿಂದ? ಪುಣೆಯಲ್ಲಿ ಎಲ್ಲರೂ ಮೊದಲು ಹುಡುಕುವುದು ‘ಸಾತ್‌ಬಾರಾ’ ಉತಾರ, ನಗರದೊಳಗಾದರೆ ಪ್ರಾಪರ್ಟಿ ಕಾರ್ಡ್. ನಮ್ಮಲ್ಲಿ ಪಹಣಿ, ಖಾತೆ. ಇವು ಕಂದಾಯ ದಾಖಲೆಗಳು. ಇವುಗಳಿಂದ ಒಡೆತನ ಹುಟ್ಟುವುದಿಲ್ಲ ಎಂದು ಕೋರ್ಟುಗಳು ಹೇಳಿ ಹೇಳಿ ಸುಸ್ತಾಗಿವೆ. ಆದರೆ ಸ್ವಾಧೀನದ ಪ್ರಶ್ನೆ ಬಂದಾಗ ಇವಕ್ಕೆ ತೂಕವಿದೆ. ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಕಲಂ ಪಹಣಿಯ ನಮೂದನ್ನು ಸುಳ್ಳೆಂದು ತೋರಿಸುವವರೆಗೆ ನಿಜವೆಂದೇ ಹಿಡಿಯುತ್ತದೆ. ಮಹಾರಾಷ್ಟ್ರದ ಕಾಯ್ದೆಯಲ್ಲೂ 157ನೇ ಕಲಂ ಇದೇ ಮಾತು ಹೇಳುತ್ತದೆ. ಇದರ ಜೊತೆಗೆ ವಿದ್ಯುತ್ ಬಿಲ್ಲು, ನೀರಿನ ಬಿಲ್ಲು, ಪಾಲಿಕೆಯ ತೆರಿಗೆ ರಸೀದಿ, ದಿನಾಂಕವಿರುವ ಫೋಟೊ. ಚಕ್ಕುಬಂದಿಯೇ ತಕರಾರಾದರೆ ಕೋರ್ಟು ಕಮಿಷನರನ್ನು ಕಳಿಸಿ ಸ್ಥಳ ತನಿಖೆ, ಅಳತೆ ಮಾಡಿಸಬಹುದು.

ತಡೆಯಾಜ್ಞೆ ಆಯುಧವಾಗುವ ಕಥೆಗಳೂ ಇವೆ. 1977ರಲ್ಲಿ ಸುಪ್ರೀಂ ಕೋರ್ಟಿಗೆ ಬಂದ ಅರಿವಂದಂದಂ ಪ್ರಕರಣ ಬೆಂಗಳೂರಿನದು. ಬಾಡಿಗೆದಾರರ ವಿರುದ್ಧ ತೆರವಿನ ಆದೇಶ ಕೊನೆಯ ಹಂತ ಮುಟ್ಟಿತ್ತು, ಮನೆ ಬಿಡಲು ಕಾಲಾವಕಾಶವನ್ನೂ ಪಡೆದಿದ್ದರು. ಬಿಡುವ ಬದಲು ಮಗ ಹೊಸ ದಾವೆ ಹೂಡಿ ಮತ್ತೆ ತಡೆಯಾಜ್ಞೆ ಬೇಡಿದ. ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಸಿಟ್ಟಾದರು. ಇಂಥ ಪೊಳ್ಳು ದಾವೆಗಳನ್ನು ಮೊಳಕೆಯಲ್ಲೇ ಚಿವುಟಬೇಕೆಂದು ಮುನ್ಸಿಫರಿಗೆ ಬುದ್ಧಿ ಹೇಳಿದ ಆ ತೀರ್ಪನ್ನು ವಕೀಲರು ಇಂದಿಗೂ ಬಳಸುತ್ತಾರೆ.

ಈ ದುರುಪಯೋಗ ತಡೆಯಲು ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲೇ ಕೆಲವು ಕಟ್ಟುಗಳಿವೆ. ಎದುರಾಳಿಯ ಮಾತು ಕೇಳದೆ ಏಕಪಕ್ಷೀಯ ಆಜ್ಞೆ ಕೊಡುವುದಾದರೆ ನ್ಯಾಯಾಧೀಶರು ಕಾರಣ ಬರೆಯಬೇಕು. ಆಜ್ಞೆ ಪಡೆದವರು ಕೂಡಲೇ ದಾವೆಯ ಪ್ರತಿ, ದಾಖಲೆಗಳನ್ನು ಎದುರಾಳಿಗೆ ತಲುಪಿಸಬೇಕು. ಅರ್ಜಿಯನ್ನು 30 ದಿನದೊಳಗೆ ಇತ್ಯರ್ಥಪಡಿಸಲು ಪ್ರಯತ್ನಿಸಬೇಕು. ಯಾರೋ ತನ್ನ ಮೇಲೆ ದಾವೆ ಹೂಡಬಹುದೆಂಬ ಅನುಮಾನವಿದ್ದರೆ ‘ನನ್ನ ಮಾತು ಕೇಳದೆ ಆಜ್ಞೆ ಕೊಡಬೇಡಿ’ ಎಂದು ಮುಂಚಿತವಾಗಿ ಕೇವಿಯಟ್ ಹಾಕಿಡಬಹುದು. ಅದು 90 ದಿನ ಚಾಲ್ತಿಯಲ್ಲಿರುತ್ತದೆ. ತಡೆಯಾಜ್ಞೆ ಮುರಿದವನ ಆಸ್ತಿ ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಬಂದೀಖಾನೆಗೂ ಕಳಿಸಬಹುದು. ಮಹಾರಾಷ್ಟ್ರ 1977ರಲ್ಲಿ ಸಂಹಿತೆಗೆ 9-ಎ ಎಂಬ ಕಲಂ ಸೇರಿಸಿಕೊಂಡಿತ್ತು: ಕೋರ್ಟಿನ ವ್ಯಾಪ್ತಿಯ ಬಗ್ಗೆ ತಕರಾರು ಬಂದರೆ ತಡೆಯಾಜ್ಞೆಯ ಅರ್ಜಿ ತೀರ್ಮಾನಿಸುವ ಮೊದಲು ಅದನ್ನೇ ಬಗೆಹರಿಸಬೇಕೆಂದು. ಉದ್ದೇಶ ಒಳ್ಳೆಯದಿದ್ದರೂ ಆ ಒಂದು ತಕರಾರಿನ ಮೇಲೆಯೇ ಸಾಕ್ಷಿ, ಮೇಲ್ಮನವಿ ಎಂದು ವರ್ಷಗಳು ಉರುಳತೊಡಗಿದವು. 2018ರಲ್ಲಿ ರಾಜ್ಯ ಅದನ್ನು ತೆಗೆದುಹಾಕಿತು.

ದೂರದೂರಿನಲ್ಲಿ ನಿವೇಶನ ಇಟ್ಟುಕೊಂಡಿರುವ ಕನ್ನಡ ಕುಟುಂಬಗಳು ಇದರಲ್ಲಿ ಗಮನಿಸಬೇಕಾದ್ದು ಹೆಚ್ಚೇನಿಲ್ಲ. ವರ್ಷಕ್ಕೆ ಒಂದೆರಡು ಸಲವಾದರೂ ಹೋಗಿ ನೋಡಿ, ಬೇಲಿ ನಿಂತಿರುವ ಫೋಟೊ ತೆಗೆದಿಡಿ, ತೆರಿಗೆ ಕಟ್ಟಿದ ರಸೀದಿ ಜೋಪಾನ ಮಾಡಿ, ಕಾವಲಿಗೆ ಇಟ್ಟವರ ಜೊತೆ ಬರಹದಲ್ಲಿ ಕರಾರು ಮಾಡಿಕೊಳ್ಳಿ. ಜಾಗ ಕೈತಪ್ಪಿದೆ ಎಂದು ತಿಳಿದ ದಿನವೇ ವಕೀಲರನ್ನು ಕಾಣಿ. ಒಡೆತನದ ಆಧಾರದ ಮೇಲೆ ಸ್ವಾಧೀನ ಕೇಳಲು ಕಾಲಮಿತಿ ಕಾಯ್ದೆ 12 ವರ್ಷ ಕೊಡುತ್ತದೆ. ಆದರೆ ಒಡೆತನದ ರಗಳೆಯಿಲ್ಲದೆ ಜಾಗ ವಾಪಸು ಕೊಡಿಸುವ 6ನೇ ಕಲಮಿನ ಆರು ತಿಂಗಳು ಎಣಿಕೆಯಾಗುವುದು ಹೊರಹಾಕಿದ ದಿನದಿಂದ. ನಿಮಗೆ ಗೊತ್ತಾದ ದಿನದಿಂದಲ್ಲ.